ಬೂದಿಕೋಟೆಯಿಂದ ಬಾಹ್ಯಾಕಾಶಕ್ಕೆ ಎಷ್ಟು ಮದ್ದು ಬೇಕು?

ಹೈದರಾಲಿ ಹುಟ್ಟಿದ್ದು ನಮ್ಮ ಕೋಲಾರ ಜಿಲ್ಲೆಯ ಬೂದಿಕೋಟೆಯಲ್ಲಿ. 1780ರ ಪೊಲ್ಲಿಲೂರು ಯುದ್ಧದಲ್ಲಿ ಅವನ ಸೈನ್ಯದ ರಾಕೆಟ್‌ಗಳು ಬ್ರಿಟಿಷರನ್ನು ಕಂಗೆಡಿಸಿದ ಕಥೆ ನಾವೆಲ್ಲ ಕೇಳಿದ್ದೇವೆ. ಅಸಲಿ ವಿಷಯ ಇರೋದು ಅವುಗಳ ಕಬ್ಬಿಣದ ಕೊಳವೆಯಲ್ಲಿ. ಕಾಗದ, ಬಿದಿರು ತಡೆಯದಷ್ಟು ಒತ್ತಡವನ್ನು ಕಬ್ಬಿಣ ತಡೆಯುತ್ತೆ. ಆಗ ಅನಿಲ ಇನ್ನೂ ಜೋರಾಗಿ ಹೊರನುಗ್ಗುತ್ತೆ, ರಾಕೆಟ್ ಇನ್ನೂ ದೂರ ಹೋಗುತ್ತೆ.

ಸರಿ, ಅದನ್ನೇ ದೊಡ್ಡದು ಮಾಡಿ ಮೇಲೆ ಮನುಷ್ಯನನ್ನು ಕೂರಿಸಿದ್ರೆ? ಇದಕ್ಕೆ ಬೇಕಾದ ಸೂತ್ರವನ್ನು 1903ರಲ್ಲಿ ಪ್ರಕಟಿಸಿದವರು ರಷ್ಯಾದ ಶಾಲಾ ಮೇಷ್ಟ್ರು ತ್ಸಿಯೋಲ್ಕೋವ್‌ಸ್ಕಿ. ಹೊರಡುವಾಗಿನ ತೂಕವನ್ನು ಇಂಧನ ಮುಗಿದ ಮೇಲಿನ ತೂಕದಿಂದ ಭಾಗಿಸಿ, ಅದರ ನ್ಯಾಚುರಲ್ ಲಾಗ್ ತಗೊಂಡು, ಅನಿಲದ ವೇಗದಿಂದ ಗುಣಿಸಿದರೆ ರಾಕೆಟ್ಟಿಗೆ ಸಿಗುವ ವೇಗ.

ಈ ಲಾಗ್ ಇದೆಯಲ್ಲ, ಅದೇ ಕಿರಿಕ್. ಭೂಮಿ ಸುತ್ತೋಕೆ ಸೆಕೆಂಡಿಗೆ ಸುಮಾರು 7.8 ಕಿ.ಮೀ. ವೇಗ ಬೇಕು. ಕರಿಮದ್ದಿನ ಅನಿಲಕ್ಕೆ ಧಾರಾಳವಾಗಿ 1 ಕಿ.ಮೀ. ಅಂತ ಹಿಡಿಯೋಣ. ತೂಕದ ಅನುಪಾತ ಸುಮಾರು 2,440 ಬರುತ್ತೆ! 60 ಕೆ.ಜಿ.ಯ ಒಬ್ಬರನ್ನು ಕಳಿಸೋಕೆ ನೆಲದ ಮೇಲೆ 146 ಟನ್. ಕೊಳವೆಯ ತೂಕ, ಗಾಳಿಯ ತಡೆ, ಗುರುತ್ವದ ನಷ್ಟ ಯಾವುದನ್ನೂ ನಾವಿನ್ನೂ ಸೇರಿಸಿಲ್ಲ.

ತ್ಸಿಯೋಲ್ಕೋವ್‌ಸ್ಕಿ ಸೂಚಿಸಿದ್ದು ದ್ರವ ಹೈಡ್ರೋಜನ್ ಮತ್ತು ದ್ರವ ಆಕ್ಸಿಜನ್. ಹೈಡ್ರೋಜನ್ ಮೊದಲ ಸಲ ದ್ರವವಾಗಿದ್ದೇ 1898ರಲ್ಲಿ, ಧೈರ್ಯ ನೋಡಿ! ಈ ಜೋಡಿಗೆ 4.4 ಕಿ.ಮೀ. ಹಾಕಿದ್ರೆ ಅನುಪಾತ ಬರೀ 6ರ ಆಸುಪಾಸು, ಅಂದ್ರೆ 146 ಟನ್ ಹೋಗಿ ಸುಮಾರು 353 ಕೆ.ಜಿ. ಗಗನಯಾನಕ್ಕೆ ಆರಿಸಿರುವ ಇಸ್ರೋದ ಎಲ್‌ವಿಎಂ3 ರಾಕೆಟ್ಟಿನ ಮೇಲಿನ ಹಂತ ಉರಿಸೋದೂ ಇದೇ ಜೋಡಿಯನ್ನ.

ಕ್ಯಾಲ್ಕುಲೇಟರ್ ಕೈಯಲ್ಲಿದ್ರೆ 60ರ ಜಾಗದಲ್ಲಿ ನಿಮ್ಮ ತೂಕ ಹಾಕಿ ನೋಡಿ.