ಪದಕ್ಕೇನು ಪಹಣಿ ಇದೆಯಾ?



ನಮ್ಮ ಚನ್ನಗಿರಿ ಅಡಿಕೆಯ ಸೀಮೆ. ಕೊಯ್ಲು ಶುರುವಾದರೆ ರಾತ್ರಿಯೂ ನಮಗೆ ಕೆಲಸ. ಸಾಲಾಗಿ ಕುಂತು ಅಡಿಕೆ ಸುಲಿತೀವಿ. ನಿದ್ದೆ ಬರಬಾರದು ಅಂತ ಹಾಡ್ತೀವಿ. ಒಬ್ಬಳು ಎತ್ತಿ ಕೊಡ್ತಾಳೆ. ಉಳಿದವರು ಸೊಲ್ಲು ಹಿಡಿತೀವಿ.

ಒಂದು ಸಲ ನಮ್ಮ ಜೊತೆಯ ಅಕ್ಕ ಹೊಸ ಪದ ಕಟ್ಟಿದಳು. ಸೂಳೆಕೆರೆಯ ನೀರಿನ ಮೇಲೆ ಕಟ್ಟಿದ ಪದ. ಮಾತೂ ಅವಳದೇ, ಧಾಟಿಯೂ ಅವಳದೇ. ಯಾರೋ ಅದನ್ನು ಮೊಬೈಲಿನಲ್ಲಿ ಹಿಡಿದುಕೊಂಡು ಹೋದರು. ತಿಂಗಳ ಮೇಲೆ ಜಾತ್ರೆಯಲ್ಲಿ ಅದೇ ಪದ ಕೇಳಿಬಂತು. ಕಟ್ಟಿದವರು ಅಂತ ಬೇರೆ ಹೆಸರು ಹೇಳಿದರು.

ನಮಗೆ ಸಿಟ್ಟು ಬಂತು. ಅಕ್ಕ ಮಾತ್ರ ನಕ್ಕಳು. "ಹೋಗ್ಲಿ ಬಿಡ್ರವ್ವಾ, ಪದಕ್ಕೇನು ಪಹಣಿ ಇದೆಯಾ?" ಅಂದಳು.

ಹೊಲಕ್ಕೆ ಪಹಣಿ ಇದೆ. ಪಹಣಿಯಲ್ಲಿ ಹೆಸರಿದ್ದವರು ಹೊಲದ ಒಡೆಯರು. ಪದಕ್ಕೂ ಹಾಗೆ ಒಡೆತನ ಇದೆಯೇ? ಇಂದು ಅದನ್ನು ತಿಳಿಯೋಣ.

ಹಿಂದೆ ಹೇಗಿತ್ತು?

ಹೊನ್ನಾಳಿ ಸೀಮೆಗೆ ಹತ್ತಿರ ಶಿಕಾರಿಪುರ ತಾಲ್ಲೂಕು. ಅಲ್ಲಿಯ ಉಡುತಡಿ ಅಕ್ಕಮಹಾದೇವಿಯ ಊರು. 800 ವರ್ಷಕ್ಕೂ ಹಿಂದೆ ಅಕ್ಕ ವಚನ ಕಟ್ಟಿದಳು. ಅವುಗಳಲ್ಲಿ ಚೆನ್ನಮಲ್ಲಿಕಾರ್ಜುನ ಎಂಬ ಹೆಸರು ಬರುತ್ತದೆ. ಇದಕ್ಕೆ ಅಂಕಿತ ಎನ್ನುತ್ತಾರೆ. ಅಂಕಿತ ಕೇಳಿದ ಕೂಡಲೇ ಇದು ಅಕ್ಕನ ವಚನ ಎಂದು ಜನ ಗುರುತಿಸುತ್ತಾರೆ. ಅಂಕಿತವೇ ಅಂದಿನ ಸಹಿ.

ನಮ್ಮ ಬೀಸುವ ಪದ, ಸೋಬಾನೆ ಪದಗಳಿಗೆ ಅಂಕಿತವಿಲ್ಲ. ಅವು ಎಷ್ಟೋ ತಾಯಂದಿರ ಬಾಯಲ್ಲಿ ಬೆಳೆದವು. ಅವು ಒಬ್ಬರ ಸ್ವತ್ತಲ್ಲ, ಎಲ್ಲರ ಸ್ವತ್ತು.

ಬೆಂಗಳೂರಿನ ಹೆಣ್ಣುಮಗಳು

ಹಾಡು ಕಟ್ಟಿ ಹಾಡುವುದನ್ನೇ ಬದುಕು ಮಾಡಿಕೊಂಡವರು ಈಗಲೂ ಇದ್ದಾರೆ. ವಾರಿಜಶ್ರೀ ವೇಣುಗೋಪಾಲ್ ಅಂಥವರು. ಅವರು 1991ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದರು. ತಂದೆ ಕೊಳಲು ನುಡಿಸುವವರು. ತಾಯಿಯೂ ಸಂಗೀತ ಬಲ್ಲವರು. ಮನೆಯೇ ಮೊದಲ ಪಾಠಶಾಲೆ. ಒಂದೂವರೆ ವರ್ಷದ ಮಗು ಸುಮಾರು 40 ರಾಗಗಳನ್ನು ಗುರುತಿಸುತ್ತಿತ್ತು ಎನ್ನುತ್ತಾರೆ.

ಅವರು ಹಾಡುತ್ತಾರೆ, ಕೊಳಲು ನುಡಿಸುತ್ತಾರೆ, ಹೊಸ ಧಾಟಿ ಕಟ್ಟುತ್ತಾರೆ. ಕಚೇರಿ ಮಾಡಿದರು. ಸಿನಿಮಾಕ್ಕೂ ಹಾಡಿದರು. 2024ರಲ್ಲಿ 'ವಾರಿ' ಎಂಬ ತಮ್ಮದೇ ಹಾಡುಗಳ ಸಂಪುಟ ತಂದರು. ಅಮೆರಿಕದ ಸಂಗೀತಗಾರ ಮೈಕೆಲ್ ಲೀಗ್ ಅದಕ್ಕೆ ಜೊತೆಯಾದರು. ವಾರಿಜಶ್ರೀ ಬೇರೆ ಇಬ್ಬರ ಜೊತೆ ಹಾಡಿದ ಒಂದು ಹಾಡು 2025ರ ಗ್ರ್ಯಾಮಿ ಪ್ರಶಸ್ತಿಯ ಕೊನೆಯ ಪಟ್ಟಿಗೂ ಬಂತು. ಪ್ರಶಸ್ತಿ ಬೇರೆಯವರಿಗೆ ಹೋಯಿತು. ಆದರೆ ಕನ್ನಡ ನಾಡಿನ ಹೆಣ್ಣುಮಗಳ ಹೆಸರು ಪಟ್ಟಿಯಲ್ಲಿತ್ತು.

ತೋಟ ಮತ್ತು ಫಸಲು

ಇನ್ನೊಂದು ಕಥೆ ಅಮೆರಿಕದ್ದು. ಟೇಲರ್ ಸ್ವಿಫ್ಟ್ ಎಂಬ ಹುಡುಗಿ ಚಿಕ್ಕಂದಿನಿಂದ ಹಾಡು ಬರೆಯುತ್ತಿದ್ದಳು. 2005ರಲ್ಲಿ ಒಂದು ಸಣ್ಣ ಕಂಪನಿಯ ಕರಾರು ಪತ್ರಕ್ಕೆ ಸಹಿ ಆಯಿತು. ಆಗ ಅವಳಿಗೆ 15 ವರ್ಷ. ಅವಳ ಮೊದಲ 6 ಸಂಪುಟಗಳನ್ನು ಆ ಕಂಪನಿ ತಂದಿತು. ಲೋಕವೆಲ್ಲ ಅವಳ ಹಾಡು ಕೇಳಿತು.

2019ರಲ್ಲಿ ಕಂಪನಿ ಬೇರೆಯವರಿಗೆ ಮಾರಾಟವಾಯಿತು. ಕಂಪನಿಯ ಜೊತೆಗೆ ಅವಳ ಹಾಡುಗಳ ಮುದ್ರಣಗಳೂ ಹೋದವು. ಹಾಡಿದ್ದು ಅವಳು. ಮುದ್ರಣ ಕಂಪನಿಯದು. ಕರಾರು ಹಾಗೇ ಇತ್ತು.

ಇದನ್ನು ನಮ್ಮ ತೋಟದ ಲೆಕ್ಕದಲ್ಲಿ ನೋಡೋಣ. ತೋಟ ಇರುವವರು ಫಸಲನ್ನು ಖೇಣಿ ಕೊಡುತ್ತಾರೆ. ಖೇಣಿ ಹಿಡಿದವರು ಫಸಲು ಒಯ್ಯುತ್ತಾರೆ. ತೋಟ ಒಯ್ಯುವುದಿಲ್ಲ. ಹಾಡಿನ ಮಾತು ಮತ್ತು ಧಾಟಿ ತೋಟವಿದ್ದಂತೆ. ಮುದ್ರಣ ಫಸಲಿದ್ದಂತೆ. ಟೇಲರ್ ಕೈಯಿಂದ ಫಸಲು ಹೋಗಿತ್ತು. ಬರೆದವಳ ಹಕ್ಕು, ಅಂದರೆ ತೋಟ, ಅವಳ ಕೈಯಲ್ಲೇ ಇತ್ತು.

ಅವಳು ಅಳುತ್ತ ಕೂರಲಿಲ್ಲ. ತನ್ನ ಹಳೆಯ ಹಾಡುಗಳನ್ನು ತಾನೇ ಮತ್ತೆ ಹಾಡಿದಳು. 2021ರಿಂದ 2023ರವರೆಗೆ 4 ಸಂಪುಟಗಳನ್ನು ಹೊಸದಾಗಿ ತಂದಳು. ಒಂದೊಂದರ ಮೇಲೂ ಇದು ಟೇಲರ್‌ಳದು ಎಂದು ಹೆಸರು ಬರೆಸಿದಳು. ಜನ ಹೊಸದನ್ನೇ ಕೊಂಡರು. ಕೊನೆಗೆ 2025ರಲ್ಲಿ ಹಳೆಯ ಮುದ್ರಣಗಳನ್ನೂ ದುಡ್ಡು ಕೊಟ್ಟು ಬಿಡಿಸಿಕೊಂಡಳು.

ತೋಟವನ್ನೇ ಬರೆದುಕೊಟ್ಟಿದ್ದರೆ? ಹೊಸ ಫಸಲು ಎಲ್ಲಿಂದ ಬರುತ್ತಿತ್ತು?

ನಮ್ಮ ಕಾನೂನು ಏನು ಹೇಳುತ್ತದೆ?

ನಮ್ಮ ದೇಶದಲ್ಲಿ 1957ರ ಹಕ್ಕುಸ್ವಾಮ್ಯ ಕಾಯಿದೆ ಇದೆ. ಅದರ ಕೆಲವು ಮಾತು ನೆನಪಿಡೋಣ.

1. ಸ್ವಂತ ಹಾಡು ಬರೆದವರಿಗೆ ಅದರ ಹಕ್ಕು ತಾನಾಗಿ ಬರುತ್ತದೆ. ನೋಂದಣಿ ಮಾಡಿಸಲೇಬೇಕು ಎಂದಿಲ್ಲ.

2. ಈ ಹಕ್ಕು ಬರೆದವರ ಜೀವಮಾನವಿಡೀ ಇರುತ್ತದೆ. ಅವರು ತೀರಿದ ಮೇಲೂ 60 ವರ್ಷ ವಾರಸುದಾರರಿಗೆ ಇರುತ್ತದೆ.

3. ಹಕ್ಕನ್ನು ಬಾಯಿಮಾತಿನಲ್ಲಿ ಬರೆದುಕೊಡಲು ಆಗದು. ಪತ್ರ ಬೇಕು, ಕೊಡುವವರ ಸಹಿ ಬೇಕು.

4. ಎಷ್ಟು ವರ್ಷಕ್ಕೆ ಕೊಟ್ಟದ್ದು ಎಂದು ಪತ್ರದಲ್ಲಿ ಬರೆಯದಿದ್ದರೆ ಅದು 5 ವರ್ಷ ಎಂದೇ ಲೆಕ್ಕ.

5. ಹಾಡುವವರಿಗೂ ಹಕ್ಕಿದೆ. ಅವರ ಒಪ್ಪಿಗೆ ಇಲ್ಲದೆ ಹಾಡನ್ನು ಮುದ್ರಿಸಿ ಮಾರುವಂತಿಲ್ಲ.

2012ರಲ್ಲಿ ಕಾಯಿದೆಯನ್ನು ತಿದ್ದಿದರು. ಸಿನಿಮಾಕ್ಕೆ ಬರೆದ ಹಾಡು ಸಿನಿಮಾ ಮಂದಿರದ ಆಚೆ ಬಳಕೆಯಾದರೆ, ಬರೆದವರಿಗೂ ಧಾಟಿ ಕಟ್ಟಿದವರಿಗೂ ರಾಯಧನದಲ್ಲಿ ಪಾಲು ಇದೆ.

ಅಂದರೆ ಪದಕ್ಕೂ ಒಡೆತನ ಇದೆ. ಆದರೆ ಪದ ನಮ್ಮದು ಅಂತ ತೋರಿಸಬೇಕಲ್ಲ? ಅದಕ್ಕೆ ಅಕ್ಷರ ಬೇಕು. ಪದ ಕಟ್ಟಿದ ದಿನವೇ ನೋಟ್‌ಬುಕ್ಕಿನಲ್ಲಿ ಬರೆದಿಡಬೇಕು. ಕೆಳಗೆ ಹೆಸರು, ತಾರೀಖು ಹಾಕಬೇಕು. ಯಾರಾದರೂ ಕಾಗದ ತಂದು ಸಹಿ ಕೇಳಿದರೆ ಪೂರ್ತಿ ಓದಬೇಕು. ತಿಳಿಯದಿದ್ದರೆ ತಿಳಿದವರನ್ನು ಕೇಳಬೇಕು. "ಆಮೇಲೆ ಓದ್ಕೊಳ್ಳಿ, ಈಗ ಸಹಿ ಹಾಕಿ" ಅಂದರೆ ಹಾಕಬಾರದು. ಓದು ಮೊದಲು, ಸಹಿ ಆಮೇಲೆ.

ಈ ಮಾತು ಹಾಡಿಗೆ ಮಾತ್ರವಲ್ಲ. ಸಂಘದ ಸಾಲಕ್ಕೂ ಇದೇ, ಹೊಲದ ಪತ್ರಕ್ಕೂ ಇದೇ.

ನಮ್ಮ ಅಕ್ಕನಿಗೆ ಇದನ್ನೆಲ್ಲ ಓದಿ ಹೇಳಿದೆವು. ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ ಮೊಮ್ಮಗಳ ನೋಟ್‌ಬುಕ್ ಇಸಕೊಂಡಳು. ಸೂಳೆಕೆರೆಯ ಪದವನ್ನು ಒಂದೊಂದೇ ಅಕ್ಷರ ಕೂಡಿಸಿ ಬರೆದಳು. ಬರೆದು ಮುಗಿಸಲು ಎರಡು ರಾತ್ರಿ ಹಿಡಿಯಿತು. ಕೊನೆಗೆ ತನ್ನ ಹೆಸರು ಬರೆದಳು.

"ಇಗೋ ನೋಡ್ರವ್ವಾ, ಪದದ ಪಹಣಿ" ಅಂದಳು.

ಹೊಸ ಮಾತುಗಳನ್ನು ಓದೋಣ
ಅಂಕಿತ, ಕರಾರು, ಮುದ್ರಣ, ಹಕ್ಕುಸ್ವಾಮ್ಯ, ರಾಯಧನ, ವಾರಸುದಾರರು

ಉತ್ತರ ಹೇಳೋಣ
1. ಟೇಲರ್ ಕೈಯಿಂದ ಹೋದದ್ದು ಏನು? ಉಳಿದದ್ದು ಏನು?
2. ಎಷ್ಟು ವರ್ಷಕ್ಕೆ ಎಂದು ಪತ್ರದಲ್ಲಿ ಬರೆಯದಿದ್ದರೆ ಏನಾಗುತ್ತದೆ?
3. ಸಹಿ ಹಾಕುವ ಮೊದಲು ಏನು ಮಾಡಬೇಕು?

ಬರೆಯೋಣ
ನೀವೇ ಕಟ್ಟಿದ ನಾಲ್ಕು ಸಾಲಿನ ಪದ ಬರೆಯಿರಿ. ಕೆಳಗೆ ನಿಮ್ಮ ಹೆಸರು, ಊರು, ತಾರೀಖು ಬರೆಯಿರಿ.