ಇ-ಮೇಲ್ ಖಾತೆ: 13 ವರ್ಷವೋ, 18 ವರ್ಷವೋ?

ಗುಬ್ಬಿ ತಾಲ್ಲೂಕಿನ ಸಿ.ಎಸ್. ಪುರದಂಥ ಹೋಬಳಿ ಕೇಂದ್ರದ ಮಕ್ಕಳಿಗೂ ಇಂದು ಆನ್‌ಲೈನ್ ಅರ್ಜಿಗೆ ಇ-ಮೇಲ್ ಬೇಕಾಗುತ್ತದೆ. ಭಾರತದಲ್ಲಿ ಜಿಮೇಲ್ ಖಾತೆಯನ್ನು ಸ್ವತಃ ತೆರೆಯಲು 13 ವರ್ಷ ತುಂಬಿರಬೇಕು. ಅದಕ್ಕಿಂತ ಚಿಕ್ಕವರಿಗೆ ಪೋಷಕರು ಗೂಗಲ್‌ನ ಫ್ಯಾಮಿಲಿ ಲಿಂಕ್ ಮೂಲಕ ತೆರೆದುಕೊಡಬಹುದು. ಹುಟ್ಟಿದ ವರ್ಷ ಸುಳ್ಳು ಹಾಕಿ ತೆರೆಸುವುದು ಖಂಡಿತ ಬೇಡ. ಮಗುವಿಗೆ ಸಿಗಬೇಕಾದ ರಕ್ಷಣೆಯೇ ತಪ್ಪಿಹೋಗುತ್ತದೆ.

13ರ ಮಿತಿಯ ಬೇರು ಅಮೆರಿಕದ 1998ರ ‘ಕೊಪ್ಪಾ’ (ಮಕ್ಕಳ ಆನ್‌ಲೈನ್ ಖಾಸಗಿತನ ಸಂರಕ್ಷಣೆ) ಕಾಯ್ದೆಯಲ್ಲಿದೆ. ಯುರೋಪ್ ಒಕ್ಕೂಟದಲ್ಲಿ 16. ಸದಸ್ಯ ರಾಷ್ಟ್ರಗಳು 13ರವರೆಗೆ ಇಳಿಸಬಹುದು.

ಹಲವರು ಎಡವುವುದು ಮುಂದಿನ ಅಂಶದಲ್ಲಿ. ನಮ್ಮ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆ, 2023 ಇ-ಮೇಲ್ ತೆರೆಯುವ ವಯಸ್ಸನ್ನು ನಿಗದಿಪಡಿಸಿಲ್ಲ. ಆದರೆ ಅದರ ಪ್ರಕಾರ 18 ತುಂಬದವರೆಲ್ಲ ಮಕ್ಕಳೇ. ಸೆಕ್ಷನ್ 9ರಂತೆ ಅವರ ದತ್ತಾಂಶ ಬಳಸಲು ಪೋಷಕರ ಒಪ್ಪಿಗೆ ಬೇಕು, ಅದು ಪರಿಶೀಲಿಸಬಹುದಾದ ಒಪ್ಪಿಗೆಯಾಗಿರಬೇಕು. ಮಕ್ಕಳ ಜಾಡು ಹಿಡಿಯುವುದು, ಅವರನ್ನು ಗುರಿಯಾಗಿಸಿದ ಜಾಹೀರಾತು ಎರಡೂ ನಿಷಿದ್ಧ. ತಪ್ಪಿದರೆ ದಂಡ 200 ಕೋಟಿ ರೂಪಾಯಿವರೆಗೆ. ನಿಯಮಗಳು 2025ರ ನವೆಂಬರ್‌ನಲ್ಲಿ ಪ್ರಕಟವಾದವು. ಸೆಕ್ಷನ್ 9ರ ಜಾರಿಗೆ ಅಲ್ಲಿಂದ 18 ತಿಂಗಳ ಕಾಲಾವಕಾಶವಿದೆ.

ಈ ಕಾಯ್ದೆಗೆ ಹಿನ್ನೆಲೆಯಾದ ತೀರ್ಪಿಗೆ ಕರ್ನಾಟಕದ ನಂಟಿದೆ: ಖಾಸಗಿತನ ಮೂಲಭೂತ ಹಕ್ಕೆಂದು ಸಾರಿದ 2017ರ ಆಗಸ್ಟ್ 24ರ ಸುಪ್ರೀಂ ಕೋರ್ಟ್ ತೀರ್ಪಿನ ಅರ್ಜಿದಾರ ಕೆ.ಎಸ್. ಪುಟ್ಟಸ್ವಾಮಿ, ಕರ್ನಾಟಕ ಹೈಕೋರ್ಟ್‌ನ ನಿವೃತ್ತ ನ್ಯಾಯಮೂರ್ತಿ.