ಮನೆ ಸಾಲದ ಲೆಕ್ಕ
ಮನೆ ಸಾಲಕ್ಕೆಂದು ಬ್ಯಾಂಕಿಗೆ ಹೋದವರು ಕೇಳುವುದು ತಿಂಗಳ ಕಂತನ್ನು. ಒಟ್ಟು ಮೊತ್ತವನ್ನು ಕೇಳುವವರು ವಿರಳ. 20 ಲಕ್ಷ ರೂಪಾಯಿಯನ್ನು ಶೇ. 9ರ ಬಡ್ಡಿಗೆ 20 ವರ್ಷಗಳ ಅವಧಿಗೆ ಪಡೆದರೆ ಕಂತು ಸುಮಾರು 17,995 ರೂ. ಮೊದಲ ಕಂತಿನಲ್ಲಿ 15,000 ಬಡ್ಡಿಗೇ ಹೋಗುತ್ತದೆ. ಹತ್ತು ವರ್ಷ ತಪ್ಪದೆ ಕಟ್ಟಿ 21.6 ಲಕ್ಷ ತೆತ್ತ ಮೇಲೂ 14.2 ಲಕ್ಷ ಬಾಕಿ! ಕೊನೆಗೆ ತೆರುವುದು 43 ಲಕ್ಷ.

ಸಾಲ ಕೊಟ್ಟವನಿಗೆ ಪವಿತ್ರ ಕುರ್‌ಆನ್ (2:279-280) ಅಸಲಿನ ಹಕ್ಕನ್ನಷ್ಟೇ ನೀಡಿದೆ. ಸಾಲಗಾರ ಇಕ್ಕಟ್ಟಿನಲ್ಲಿದ್ದರೆ ಕಾಲಾವಕಾಶ ಕೊಡಬೇಕೆಂದಿದೆ. ಇಲ್ಲಿಯೋ, ಕಾಲಾವಕಾಶಕ್ಕೇ ಬೆಲೆ. ಬಡ್ಡಿದರ ಏರಿದಾಗ ಕಂತು ಅಷ್ಟೇ ಇದ್ದು ವರ್ಷಗಳು ಬೆಳೆಯುವುದೂ ಉಂಟು.

ಈಗಾಗಲೇ ಇದರಲ್ಲಿ ಸಿಲುಕಿದ ಸಹೋದರರು ಕೈಗೆ ಬಂದ ಹಣವನ್ನು ಮೊದಲು ಅಸಲಿಗೆ ಕಟ್ಟಲಿ. ಬದಲಾಗುವ ಬಡ್ಡಿದರದ ಮನೆ ಸಾಲವನ್ನು ಅವಧಿಗೆ ಮುನ್ನ ತೀರಿಸುವವರಿಂದ ದಂಡ ಪಡೆಯಕೂಡದೆಂದು ರಿಸರ್ವ್ ಬ್ಯಾಂಕು 2012ರಲ್ಲೇ ಬ್ಯಾಂಕುಗಳಿಗೆ ಆದೇಶಿಸಿದೆ.